ಕಮ್ಮಾರಸಾಲೆಯ ಹುಡುಗ, ಗೋಲಿನ ಕಸುಬು: ಸ್ಟೀವ್ ಬ್ಲೂಮರ್ ಅವರ ಬದುಕು

ಸಭಿಕರೇ,

ಫುಟ್‌ಬಾಲ್ ಆಟಗಾರರನ್ನು ನೆನೆಯುವಾಗ ನಾವು ಸಾಮಾನ್ಯವಾಗಿ ಗೋಲುಗಳನ್ನೂ ಕಪ್ಪುಗಳನ್ನೂ ಎಣಿಸುತ್ತೇವೆ. ಇಂದಿನ ಉಪನ್ಯಾಸಕ್ಕೆ ನಾನು ಆರಿಸಿಕೊಂಡಿರುವ ಸ್ಟೀವ್ ಬ್ಲೂಮರ್ ಅವರ ವಿಷಯದಲ್ಲಿ ಎಣಿಸುವುದಕ್ಕೆ ಬೇಕಾದಷ್ಟಿದೆ. ಇಂಗ್ಲೆಂಡಿನ ಫುಟ್‌ಬಾಲ್ ಲೀಗಿನಲ್ಲಿ ಅವರ ಹೆಸರಿಗೆ 352 ಗೋಲುಗಳಿವೆ. ಇಂಗ್ಲೆಂಡ್ ತಂಡದ ಪರವಾಗಿ 23 ಪಂದ್ಯಗಳಲ್ಲಿ 28 ಗೋಲುಗಳಿವೆ. ಆದರೆ ಈ ಅಂಕಿಗಳಿಗಿಂತ ನನ್ನನ್ನು ಹೆಚ್ಚು ಕಾಡಿರುವುದು ಅವುಗಳ ಹಿಂದಿರುವ ದುಡಿಮೆಯ ಕಥೆ. ಚೆಂಡನ್ನು ಒದ್ದು ಹೊಟ್ಟೆ ಹೊರೆಯಬಹುದು ಎಂಬುದು ಇನ್ನೂ ಹೊಸ ಸಂಗತಿಯಾಗಿದ್ದ ಕಾಲದಲ್ಲಿ, ಕಬ್ಬಿಣದ ಕೆಲಸ ಮಾಡುವ ಮನೆಯಿಂದ ಬಂದ ಒಬ್ಬ ಹುಡುಗ ಅದನ್ನು ಕಸುಬಾಗಿ ಕಲಿತು, ಆ ಕಸುಬಿನಲ್ಲಿ ಇಡೀ ದೇಶಕ್ಕೆ ಮೊದಲಿಗನಾಗಿ, ಅಷ್ಟಾದರೂ ತನ್ನ ಕಸುಬಿನ ಬೆಲೆಯನ್ನು ತಾನೇ ಕಟ್ಟುವ ಹಕ್ಕನ್ನು ಎಂದಿಗೂ ಪಡೆಯಲಿಲ್ಲ. ಬ್ಲೂಮರ್ ಅವರ ಬದುಕಿನ ತಿರುವುಗಳೆಲ್ಲ, ಕೊನೆಗೆ ಅವರನ್ನು ಜರ್ಮನಿಯ ಸೆರೆಶಿಬಿರಕ್ಕೆ ಒಯ್ದ ತಿರುವೂ ಸೇರಿ, ಈ ಒಂದು ಸಂಗತಿಯಿಂದಲೇ ಅರ್ಥವಾಗುತ್ತವೆ ಎಂಬುದು ನನ್ನ ಗ್ರಹಿಕೆ.

ಬ್ಲೂಮರ್ ಹುಟ್ಟಿದ್ದು 1874ರ ಜನವರಿ 20ರಂದು, ಕ್ರ್ಯಾಡ್ಲಿ ಎಂಬ ಊರಿನಲ್ಲಿ. ಬರ್ಮಿಂಗ್‌ಹ್ಯಾಮ್ ನಗರದ ಪಶ್ಚಿಮಕ್ಕಿರುವ, ಕಲ್ಲಿದ್ದಲು ಮತ್ತು ಕಬ್ಬಿಣದ ಹೊಗೆಯಿಂದಾಗಿ ‘ಬ್ಲ್ಯಾಕ್ ಕಂಟ್ರಿ’ ಎಂದೇ ಹೆಸರಾದ ಸೀಮೆಯಲ್ಲಿ ಈ ಊರಿದೆ. ಇಲ್ಲಿನ ಮುಖ್ಯ ಕಸುಬು ಸರಪಳಿ ತಯಾರಿಕೆ. ಹಡಗಿನ ಲಂಗರಿನ ದಪ್ಪ ಸರಪಳಿಯನ್ನು ಗಂಡಸರು ಕಾರ್ಖಾನೆಗಳಲ್ಲಿ ಬಡಿದರೆ, ಸಣ್ಣ ಸರಪಳಿಗಳನ್ನು ಹೆಂಗಸರು ಮನೆಯ ಹಿತ್ತಿಲಿನ ಕುಲುಮೆಗಳಲ್ಲಿ, ಪಕ್ಕದಲ್ಲೇ ಮಕ್ಕಳನ್ನು ಇಟ್ಟುಕೊಂಡು, ಬಡಿಯುತ್ತಿದ್ದರು. 1910ರಲ್ಲಿ ಪಕ್ಕದ ಕ್ರ್ಯಾಡ್ಲಿ ಹೀತ್ ಊರಿನ ಹೆಂಗಸರು ಮೇರಿ ಮ್ಯಾಕಾರ್ಥರ್ ಎಂಬ ಕಾರ್ಮಿಕ ನಾಯಕಿಯ ಮುಂದಾಳತ್ವದಲ್ಲಿ ಮುಷ್ಕರ ಹೂಡಿ ಕನಿಷ್ಠ ಕೂಲಿಯನ್ನು ಗೆದ್ದುಕೊಂಡರು. ಆ ಹೊತ್ತಿಗೆ ಬ್ಲೂಮರ್ ಆ ಸೀಮೆ ಬಿಟ್ಟು ಮೂರು ದಶಕಗಳೇ ಆಗಿದ್ದವು. ಆದರೂ ಕೂಲಿಯ ಪ್ರಶ್ನೆ ಅಷ್ಟು ಗಾಢವಾಗಿದ್ದ ಸೀಮೆಯೊಂದು ಅವರ ಹುಟ್ಟುನೆಲ ಎಂಬುದನ್ನು ನಾನು ಮರೆಯಲಾರೆ. ಸ್ಟೀವ್ ಇನ್ನೂ ಚಿಕ್ಕವನಿರುವಾಗಲೇ ಅವನ ತಂದೆ ಕೆಲಸ ಹುಡುಕಿಕೊಂಡು ಸಂಸಾರವನ್ನು ಡರ್ಬಿ ನಗರಕ್ಕೆ ತಂದರು. ಮಿಡ್ಲೆಂಡ್ ರೈಲ್ವೆಯ ಕೇಂದ್ರ ಕಚೇರಿಯೂ ಎಂಜಿನ್ ಕಾರ್ಯಾಗಾರಗಳೂ ಅಲ್ಲಿದ್ದವು, ಎರಕದ ಕಾರ್ಖಾನೆಗಳಿದ್ದವು, ಕಬ್ಬಿಣದ ಕೆಲಸ ಬಲ್ಲವನಿಗೆ ಅನ್ನವಿತ್ತು. ಮಗನೂ ಶಾಲೆ ಮುಗಿಸಿ ಕಮ್ಮಾರಿಕೆಯನ್ನೇ ಕಲಿಯತೊಡಗಿದ.

ಆ ಹುಡುಗ ಬೆಳೆಯುತ್ತಿದ್ದ ವರ್ಷಗಳಲ್ಲೇ ಆಟದ ಸ್ವರೂಪ ಬದಲಾಗುತ್ತಿತ್ತು. ಫುಟ್‌ಬಾಲ್ ಅಸೋಸಿಯೇಷನ್ 1863ರಲ್ಲಿ ಹುಟ್ಟಿದಾಗ ಅದು ಸಿರಿವಂತರ ಶಾಲೆಗಳಲ್ಲಿ ಓದಿದವರ ಸಂಸ್ಥೆಯಾಗಿತ್ತು. ಹಣಕ್ಕಾಗಿ ಆಡುವುದು ಅವರ ದೃಷ್ಟಿಯಲ್ಲಿ ಕೀಳಾಗಿತ್ತು. ಆದರೆ ಶನಿವಾರ ಮಧ್ಯಾಹ್ನದ ಬಿಡುವು ದಕ್ಕಿದ ಮೇಲೆ ಲ್ಯಾಂಕಶೈರ್ ಮತ್ತು ಮಿಡ್ಲೆಂಡ್ಸ್ ಸೀಮೆಯ ಗಿರಣಿ ಕಾರ್ಮಿಕರು ಸಾವಿರಗಟ್ಟಲೆಯಲ್ಲಿ ಮೈದಾನಕ್ಕೆ ಬರತೊಡಗಿದರು, ಬಾಗಿಲಲ್ಲಿ ಹಣ ಸೇರತೊಡಗಿತು, ಆ ಹಣದಲ್ಲಿ ಒಂದು ಪಾಲು ಒಳಗೊಳಗೇ ಆಟಗಾರರ ಕೈ ಸೇರತೊಡಗಿತು. 1883ರಲ್ಲಿ ನೇಕಾರರೂ ಕಬ್ಬಿಣದ ಕೆಲಸಗಾರರೂ ಇದ್ದ ಬ್ಲ್ಯಾಕ್‌ಬರ್ನ್ ಒಲಿಂಪಿಕ್ ತಂಡವು ಸಿರಿವಂತರ ಈಟನ್ ಶಾಲೆಯ ಹಳೆಯ ವಿದ್ಯಾರ್ಥಿಗಳ ಓಲ್ಡ್ ಇಟೋನಿಯನ್ಸ್ ತಂಡವನ್ನು ಸೋಲಿಸಿ ಫುಟ್‌ಬಾಲ್ ಅಸೋಸಿಯೇಷನ್ನಿನ ಕಪ್ಪನ್ನು, ಅಂದರೆ ಎಫ್‌.ಎ. ಕಪ್ಪನ್ನು ಉತ್ತರಕ್ಕೆ ಒಯ್ದಿತು. ಮರುವರ್ಷ ಪ್ರೆಸ್ಟನ್ ನಾರ್ತ್ ಎಂಡ್ ಕ್ಲಬ್ಬಿನ ವಿಲಿಯಂ ಸಡೆಲ್, ತಾವು ಆಟಗಾರರಿಗೆ ಹಣ ಕೊಡುತ್ತಿರುವುದು ನಿಜವೆಂದು ಮುಚ್ಚುಮರೆಯಿಲ್ಲದೆ ಒಪ್ಪಿಕೊಂಡರು. ತಡೆಯುವುದು ಅಸಾಧ್ಯವೆಂದು ಮನಗಂಡ ಅಸೋಸಿಯೇಷನ್ 1885ರ ಜುಲೈನಲ್ಲಿ ವೃತ್ತಿಪರ ಆಟಕ್ಕೆ ಒಪ್ಪಿಗೆ ನೀಡಿತು. 1888ರಲ್ಲಿ ಹನ್ನೆರಡು ಕ್ಲಬ್ಬುಗಳ ಲೀಗ್ ಆರಂಭವಾಯಿತು. ಆ ಹನ್ನೆರಡರಲ್ಲಿ ಡರ್ಬಿ ಕೌಂಟಿಯೂ ಒಂದು.

ಆ ಡರ್ಬಿ ಕೌಂಟಿಗೆ ಬ್ಲೂಮರ್ ಸೇರಿದ್ದು 1892ರಲ್ಲಿ, ಹದಿನೆಂಟರ ಹರೆಯದಲ್ಲಿ. ಮೊದಲ ಸಂಬಳ ವಾರಕ್ಕೆ ಏಳು ಷಿಲಿಂಗ್ ಆರು ಪೆನ್ಸ್. ಆ ಕಾಲದ ಒಬ್ಬ ಕುಶಲ ಕೆಲಸಗಾರನ ವಾರದ ಕೂಲಿಗೆ ಹೋಲಿಸಿದರೆ ಇದು ತೀರಾ ಕಡಿಮೆ. ಆದ್ದರಿಂದ ಹುಡುಗ ಕುಲುಮೆಯ ಕೆಲಸವನ್ನು ಒಮ್ಮೆಲೇ ಬಿಡುವಂತಿರಲಿಲ್ಲ. ಆ ವರ್ಷದ ಸೆಪ್ಟೆಂಬರ್ 3ರಂದು ಸ್ಟೋಕ್ ವಿರುದ್ಧ ಅವರು ಮೊದಲ ಲೀಗ್ ಪಂದ್ಯ ಆಡಿದರು. ಅವರ ಅದೃಷ್ಟವೆಂದರೆ ಅದೇ ತಂಡದಲ್ಲಿ ಜಾನ್ ಗುಡಾಲ್ ಇದ್ದರು. ಒಂದು ಪಂದ್ಯವನ್ನೂ ಸೋಲದೆ ಮೊದಲ ಲೀಗನ್ನು ಗೆದ್ದ ಪ್ರೆಸ್ಟನ್ ತಂಡದ ಪ್ರಮುಖ ಗೋಲುಗಾರ ಅವರು. 1889ರಲ್ಲಿ ಡರ್ಬಿಗೆ ಬಂದಿದ್ದರು. ಚೆಂಡು ತನ್ನ ಕಾಲಿಗೆ ಬರುವ ಮುನ್ನವೇ ಅದನ್ನು ಎಲ್ಲಿಗೆ ಕಳುಹಿಸಬೇಕೆಂದು ಗೊತ್ತಿರಬೇಕು, ಜೊತೆಗಾರ ಓಡಿ ತಲುಪುವ ಜಾಗಕ್ಕೆ ಚೆಂಡನ್ನು ಕೊಡಬೇಕು ಎಂಬ ಪ್ರೆಸ್ಟನ್ ಶೈಲಿಯ ಆಟವನ್ನು ಗುಡಾಲ್ ಈ ಹುಡುಗನಿಗೆ ಕೈಹಿಡಿದು ಕಲಿಸಿದರು. ಮುಂದೆ 1895ರ ಮಾರ್ಚ್ 9ರಂದು ಬ್ಲೂಮರ್ ಇಂಗ್ಲೆಂಡ್ ಪರವಾಗಿ ಮೊದಲ ಪಂದ್ಯವಾಡಿದಾಗ, ಅದೂ ಡರ್ಬಿಯ ಮೈದಾನದಲ್ಲೇ, ಗುಡಾಲ್ ಅವರೂ ಆ ತಂಡದಲ್ಲಿದ್ದರು. ಐರ್ಲೆಂಡ್ ವಿರುದ್ಧ ಇಂಗ್ಲೆಂಡ್ 9–0 ಅಂತರದಿಂದ ಗೆದ್ದಿತು. ಬ್ಲೂಮರ್ ಎರಡು ಗೋಲು ಹೊಡೆದರು.

ಅವರ ಆಟವನ್ನು ಅರ್ಥ ಮಾಡಿಕೊಳ್ಳಬೇಕಾದರೆ ಆಗಿನ ಮೈದಾನವನ್ನು ಸ್ವಲ್ಪ ಕಣ್ಣಮುಂದೆ ತಂದುಕೊಳ್ಳಬೇಕು. ಚೆಂಡೆಂದರೆ ರಬ್ಬರಿನ ಬ್ಲ್ಯಾಡರಿಗೆ ದಪ್ಪ ತೊಗಲಿನ ಹೊದಿಕೆ. ಹೊದಿಕೆಯ ಸೀಳಿಗೆ ದಾರದ ಬಿಗಿತ. ಮಳೆಯಲ್ಲಿ ತೊಗಲು ನೀರು ಕುಡಿದು ಭಾರವಾಗುತ್ತಿತ್ತು, ತಲೆಯಲ್ಲಿ ಹೊಡೆದವನ ಹಣೆಗೆ ಆ ದಾರದ ಗಂಟು ತಾಗುತ್ತಿತ್ತು. ಬೂಟು ಕಣಕಾಲನ್ನು ಮುಚ್ಚುವಷ್ಟು ಎತ್ತರ, ಮುಂತುದಿ ಗಟ್ಟಿ. ಹಿಂದೆ ಇಬ್ಬರು ಬ್ಯಾಕ್, ನಡುವೆ ಮೂವರು ಹಾಫ್, ಮುಂದೆ ಐವರು ಫಾರ್ವರ್ಡ್ ಎಂಬುದು ಎಲ್ಲ ತಂಡಗಳ ರಚನೆ. ಬ್ಲೂಮರ್ ಆಡುತ್ತಿದ್ದದ್ದು ಇನ್‌ಸೈಡ್ ರೈಟ್ ಸ್ಥಾನದಲ್ಲಿ, ಅಂದರೆ ಮುಂದಿನ ಐವರ ಸಾಲಿನಲ್ಲಿ ನಡುವಿನವನ ಬಲಪಕ್ಕದಲ್ಲಿ. ಆಫ್‌ಸೈಡ್ ನಿಯಮದ ಪ್ರಕಾರ ಮುಂದೆ ನಿಂತವನಿಗೂ ಎದುರಾಳಿಯ ಗೋಲ್‌ಗೆರೆಗೂ ನಡುವೆ ಕನಿಷ್ಠ ಮೂವರು ಎದುರಾಳಿಗಳಿರಬೇಕಿತ್ತು. ಅದನ್ನು ಇಬ್ಬರಿಗೆ ಇಳಿಸಿದ್ದು 1925ರಲ್ಲಿ. ಹೀಗಾಗಿ ಫಾರ್ವರ್ಡ್ ಆಟಗಾರನಿಗೆ ಗೋಲಿನ ಎದುರು ಸಿಗುತ್ತಿದ್ದ ಸಮಯ ಬಹಳ ಕಡಿಮೆ.

ಬ್ಲೂಮರ್ ಗೆದ್ದದ್ದು ಈ ಕಡಿಮೆ ಸಮಯದಲ್ಲಿಯೇ. ಆಗಿನ ಹೆಚ್ಚಿನ ಆಟಗಾರರು ಚೆಂಡನ್ನು ಮೊದಲು ನಿಲ್ಲಿಸಿ, ಹದ ಮಾಡಿಕೊಂಡು, ಆಮೇಲೆ ಗೋಲಿಗೆ ಹೊಡೆಯುತ್ತಿದ್ದರು. ಬ್ಲೂಮರ್ ಉರುಳಿ ಬರುತ್ತಿದ್ದ ಚೆಂಡನ್ನು ನಿಲ್ಲಿಸದೆಯೇ, ಯಾವ ಕಾಲು ಹತ್ತಿರವಿದೆಯೋ ಆ ಕಾಲಿನಿಂದ, ನೆಲಮಟ್ಟದಲ್ಲಿ, ಗೋಲಿನ ಮೂಲೆಗೆ ಹೊಡೆಯುತ್ತಿದ್ದರು. ಕಾದ ಕಬ್ಬಿಣ ಆರುವ ಮುನ್ನ ಸುತ್ತಿಗೆ ಬೀಳಬೇಕೆಂಬ ಕುಲುಮೆಯ ನಿಯಮವನ್ನು ಅವರು ಹುಲ್ಲಿನ ಮೇಲೂ ಪಾಲಿಸಿದಂತಿತ್ತು. ನೆಲದ ಹೊಡೆತಕ್ಕೆ ಬಾಗುವುದು ಎತ್ತರದ ಗೋಲ್‌ಕೀಪರನಿಗೆ ಎಲ್ಲಕ್ಕಿಂತ ಕಷ್ಟ ಎಂಬ ಲೆಕ್ಕಾಚಾರವೂ ಅದರ ಹಿಂದೆ ಇದ್ದಿರಬೇಕು. ಆಳ್ತನದಲ್ಲಿ ಅವರು ದೊಡ್ಡವರಲ್ಲ. ತೆಳ್ಳಗಿನ ಮೈ, ಬಿಳಿಚಿದ ಮುಖ. ಆ ಮುಖದ ಕಾರಣಕ್ಕೇ ‘ಪೇಲ್‌ಫೇಸ್’ ಎಂಬ ಅಡ್ಡಹೆಸರು ಬಂದಿತ್ತು. ಪಂದ್ಯದ ಬಹುಭಾಗ ಅವರು ಕಣ್ಣಿಗೇ ಬೀಳುವುದಿಲ್ಲ, ತಂಡಕ್ಕಾಗಿ ಓಡುವುದಿಲ್ಲ ಎಂಬ ದೂರು ಆಗಾಗ ಕೇಳಿಬರುತ್ತಿತ್ತು. ನನಗೆ ಆ ದೂರು ಸರಿಯೆನಿಸುವುದಿಲ್ಲ. ಒಂದೆರಡು ಗಳಿಗೆಯ ಅವಕಾಶಕ್ಕಾಗಿ ಒಂದೂವರೆ ಗಂಟೆ ಎಚ್ಚರವಾಗಿರುವುದೂ ದುಡಿಮೆಯೇ. ಅದರ ಫಲವನ್ನು ಅಂಕಪಟ್ಟಿ ಹೇಳುತ್ತದೆ.

1896ರಿಂದ 1904ರ ನಡುವೆ ಐದು ಬಾರಿ ಅವರು ಲೀಗಿನ ಮೇಲಿನ ದರ್ಜೆಯಾದ ಮೊದಲ ಡಿವಿಷನ್ನಿನಲ್ಲಿ ಅತಿ ಹೆಚ್ಚು ಗೋಲು ಹೊಡೆದರು. 1899ರ ಜನವರಿಯಲ್ಲಿ ಶೆಫೀಲ್ಡ್ ನಗರದ ದಿ ವೆಡ್ನೆಸ್‌ಡೇ ತಂಡವನ್ನು ಡರ್ಬಿ 9–0 ಅಂತರದಲ್ಲಿ ಸೋಲಿಸಿದಾಗ ಅದರಲ್ಲಿ ಆರು ಗೋಲು ಅವರವೇ. ಇಂಗ್ಲೆಂಡ್ ಪರ ಆಡಿದ ಮೊದಲ ಹತ್ತು ಪಂದ್ಯಗಳಲ್ಲಿ ಒಂದರಲ್ಲಿಯೂ ಅವರು ಗೋಲಿಲ್ಲದೆ ಹಿಂದಿರುಗಲಿಲ್ಲ. 1896ರಲ್ಲಿ ಕಾರ್ಡಿಫ್ ನಗರದಲ್ಲಿ ವೇಲ್ಸ್ ವಿರುದ್ಧ ಐದು ಗೋಲು ಹೊಡೆದರು. ಆ ವರ್ಷಗಳ ಇಂಗ್ಲೆಂಡ್ ತಂಡದಲ್ಲಿ ಅವರ ಪಕ್ಕದಲ್ಲಿ ಸೆಂಟರ್ ಫಾರ್ವರ್ಡ್ ಆಗಿ ಆಡುತ್ತಿದ್ದವರು ಜಿ.ಓ. ಸ್ಮಿತ್: ಚಾರ್ಟರ್‌ಹೌಸ್ ಶಾಲೆ, ಆಕ್ಸ್‌ಫರ್ಡ್ ವಿಶ್ವವಿದ್ಯಾಲಯ, ಕೊರಿಂಥಿಯನ್ ಕ್ಲಬ್ಬು, ಅಪ್ಪಟ ಹವ್ಯಾಸಿ. ಒಬ್ಬರಿಗೆ ಆಟ ಬಿಡುವಿನ ಸೊಗಸು, ಇನ್ನೊಬ್ಬರಿಗೆ ಶನಿವಾರದ ಸಂಬಳ. ಇವರಿಬ್ಬರು ಮೈದಾನದಲ್ಲಿ ಒಬ್ಬರನ್ನೊಬ್ಬರು ಎಷ್ಟು ಚೆನ್ನಾಗಿ ಅರಿತಿದ್ದರೆಂದರೆ, ಆ ಕಾಲದ ಇಂಗ್ಲಿಷ್ ಸಮಾಜ ಮೈದಾನದ ಹೊರಗೆ ಒಪ್ಪದ ಸಮಾನತೆಯನ್ನು ಆ ತೊಂಬತ್ತು ನಿಮಿಷ ಒಪ್ಪಿಕೊಳ್ಳಲೇಬೇಕಾಯಿತು.

ಕಪ್ಪು ಮಾತ್ರ ಅವರಿಗೆ ಒಲಿಯಲಿಲ್ಲ. 1896ರಲ್ಲಿ ಡರ್ಬಿ ಲೀಗಿನಲ್ಲಿ ಎರಡನೆಯ ಸ್ಥಾನಕ್ಕೆ ನಿಂತಿತು. 1898ರ ಏಪ್ರಿಲ್ 16ರಂದು ಕ್ರಿಸ್ಟಲ್ ಪ್ಯಾಲೇಸ್ ಮೈದಾನದಲ್ಲಿ ನಡೆದ ಎಫ್‌.ಎ. ಕಪ್ ಫೈನಲ್ಲಿನಲ್ಲಿ, ಕೆಲವೇ ದಿನಗಳ ಹಿಂದೆ ಲೀಗಿನಲ್ಲಿ ತಾನೇ 5–0 ಅಂತರದಿಂದ ಸೋಲಿಸಿದ್ದ ನಾಟಿಂಗ್‌ಹ್ಯಾಮ್ ಫಾರೆಸ್ಟ್ ತಂಡಕ್ಕೆ ಡರ್ಬಿ 1–3ರಿಂದ ಸೋತಿತು. ಡರ್ಬಿಯ ಒಂದೇ ಗೋಲು ಬ್ಲೂಮರ್ ಅವರದು. ಮರುವರ್ಷದ ಫೈನಲ್ಲಿನಲ್ಲಿ ಶೆಫೀಲ್ಡ್ ಯುನೈಟೆಡ್ 4–1ರಿಂದ ಗೆದ್ದಿತು. 1903ರ ಫೈನಲ್ಲಿಗೆ ಗಾಯದಿಂದಾಗಿ ಬ್ಲೂಮರ್ ಇಳಿಯಲಾಗಲಿಲ್ಲ. ಬರಿ (Bury) ಎಂಬ ಊರಿನ ತಂಡ ಡರ್ಬಿಗೆ ಆರು ಗೋಲು ಹೊಡೆಯಿತು. 1895ರಲ್ಲಿ ಕ್ಲಬ್ಬು ಬೇಸ್‌ಬಾಲ್ ಗ್ರೌಂಡ್ ಎಂಬ ಹೊಸ ಮೈದಾನಕ್ಕೆ ಬಂದಾಗ ಅಲ್ಲಿ ಬೀಡುಬಿಟ್ಟಿದ್ದ ಜಿಪ್ಸಿಗಳನ್ನು ಎಬ್ಬಿಸಿದ್ದರಿಂದ ಅವರ ಶಾಪ ತಟ್ಟಿತು ಎಂಬ ಮಾತು ಊರಿನಲ್ಲಿ ಹುಟ್ಟಿಕೊಂಡಿತು. ಅಂದಹಾಗೆ, ಮೈದಾನದ ಹೆಸರು ತಮಾಷೆಗಿಟ್ಟದ್ದಲ್ಲ. ಅದರ ಒಡೆಯರಾದ ಎರಕದ ಕಾರ್ಖಾನೆಯ ಫ್ರಾನ್ಸಿಸ್ ಲೇ ಅವರು ಅಮೆರಿಕದಲ್ಲಿ ಬೇಸ್‌ಬಾಲ್ ನೋಡಿ ಮೆಚ್ಚಿ ತಮ್ಮ ಕೆಲಸಗಾರರಿಗಾಗಿ ಅದನ್ನು ತಂದಿದ್ದರು, ಮತ್ತು ಬ್ಲೂಮರ್ ಬೇಸಿಗೆಯಲ್ಲಿ ಅದೇ ಮೈದಾನದಲ್ಲಿ ಬೇಸ್‌ಬಾಲ್ ಆಟವನ್ನೂ ಆಡುತ್ತಿದ್ದರು.

ಈಗ ಕಸುಬಿನ ಕಟ್ಟುಪಾಡುಗಳ ಮಾತಿಗೆ ಬರುತ್ತೇನೆ. ಇದು ಒಣ ವಿಷಯವೆಂದು ತೋರಬಹುದು, ಆದರೆ ಇದನ್ನು ಬಿಟ್ಟರೆ ಬ್ಲೂಮರ್ ಅವರ ಮುಂದಿನ ಬದುಕು ಬರೀ ಕಾಕತಾಳೀಯವಾಗಿ ಕಾಣುತ್ತದೆ. ಲೀಗ್ 1890ರ ದಶಕದ ಆರಂಭದಲ್ಲೇ ಒಂದು ನಿಯಮ ತಂದಿತ್ತು: ಒಂದು ಕ್ಲಬ್ಬಿನಲ್ಲಿ ನೋಂದಾಯಿಸಿದ ಆಟಗಾರನು ಕರಾರಿನ ವರ್ಷ ಮುಗಿದ ಮೇಲೂ ಆ ಕ್ಲಬ್ಬಿನ ಒಪ್ಪಿಗೆಯಿಲ್ಲದೆ ಲೀಗಿನ ಬೇರೆ ಕ್ಲಬ್ಬಿಗೆ ಆಡುವಂತಿಲ್ಲ. ಕ್ಲಬ್ಬು ಬೇಕೆಂದರೆ ಅವನನ್ನು ಉಳಿಸಿಕೊಳ್ಳಬಹುದು, ಬೇಕೆಂದರೆ ಹಣಕ್ಕೆ ಮಾರಬಹುದು. ಮಾರಾಟದ ಹಣ ಕ್ಲಬ್ಬಿನದು. 1901ರಲ್ಲಿ ಇದರ ಮೇಲೆ ಇನ್ನೊಂದು ಕಟ್ಟು ಬಿತ್ತು. ಯಾವ ಆಟಗಾರನಿಗೂ ವಾರಕ್ಕೆ ನಾಲ್ಕು ಪೌಂಡಿಗಿಂತ ಹೆಚ್ಚು ಕೊಡಕೂಡದು ಎಂದು ಫುಟ್‌ಬಾಲ್ ಅಸೋಸಿಯೇಷನ್ ನಿಯಮ ಮಾಡಿತು. ನಾಲ್ಕು ಪೌಂಡು ಕಾರ್ಖಾನೆಯ ಕೆಲಸಗಾರನ ಕಣ್ಣಿಗೆ ದೊಡ್ಡ ಮೊತ್ತವೇ ಸರಿ. ಆದರೆ ಇಪ್ಪತ್ತು ಸಾವಿರ ಜನ ಹಣ ಕೊಟ್ಟು ನೋಡಲು ಬರುವ ಆಟಗಾರನಿಗೂ, ಅವನ ಪಕ್ಕದಲ್ಲಿ ಹೇಗೋ ಸ್ಥಾನ ಹಿಡಿದು ನಿಂತವನಿಗೂ ಒಂದೇ ಮಿತಿ; ಮತ್ತು ಆ ದುಡಿಮೆಯ ಆಯುಷ್ಯ ಹತ್ತು ಹನ್ನೆರಡು ವರ್ಷ ಮಾತ್ರ. ಬ್ಲೂಮರ್ ಅವರ ಹೆಸರು ಬೂಟಿನ ಜಾಹೀರಾತಿನಲ್ಲಿ ಬಂತು. ಅಂಥ ಸಣ್ಣಪುಟ್ಟ ದಾರಿಗಳಷ್ಟೇ ಉಳಿದಿದ್ದವು.

1906ರ ಮಾರ್ಚಿನಲ್ಲಿ, ಹಣದ ಮುಗ್ಗಟ್ಟಿನಲ್ಲಿದ್ದ ಡರ್ಬಿ ಕ್ಲಬ್ಬು ಬ್ಲೂಮರ್ ಅವರನ್ನು 750 ಪೌಂಡಿಗೆ ಮಿಡ್ಲ್ಸ್‌ಬರೋ ಕ್ಲಬ್ಬಿಗೆ ಮಾರಿತು. ಅವರಿಗೆ ಆಗ 32 ವರ್ಷ. ಹದಿಮೂರು ವರ್ಷಗಳಿಗೂ ಮಿಗಿಲಾಗಿ ಒಂದೇ ಕ್ಲಬ್ಬಿಗೆ ಆಡಿದ್ದರು. ಕೆಳಗಿನ ಡಿವಿಷನ್ನಿಗೆ ಇಳಿಯುವ ಅಂಚಿನಲ್ಲಿದ್ದ ಮಿಡ್ಲ್ಸ್‌ಬರೋ ತಂಡವು ಆ ಋತುವಿನಲ್ಲಿ ಕೂದಲೆಳೆಯಷ್ಟರಲ್ಲಿ ಉಳಿದುಕೊಂಡಿತು, ಡರ್ಬಿ ಮರುವರ್ಷವೇ ಎರಡನೆಯ ಡಿವಿಷನ್ನಿಗೆ ಇಳಿಯಿತು. ಒಬ್ಬ ಆಟಗಾರನ ಬೆಲೆ ಎಷ್ಟೆಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಡ, ಮತ್ತು ಆ ಬೆಲೆ ಅವನ ಜೇಬಿಗೆ ಬರಲಿಲ್ಲ. ಈ ಪದ್ಧತಿ ಅನ್ಯಾಯವೆಂದು 1907ರ ಡಿಸೆಂಬರಿನಲ್ಲಿ ಬಿಲ್ಲಿ ಮೆರೆಡಿತ್ ಮೊದಲಾದ ಆಟಗಾರರು ಮ್ಯಾಂಚೆಸ್ಟರ್ ನಗರದಲ್ಲಿ ಆಟಗಾರರ ಸಂಘ ಕಟ್ಟಿದರು. 1912ರಲ್ಲಿ ಹ್ಯಾರಿ ಕಿಂಗಬಿ ಎಂಬ ಆಟಗಾರ ಸಂಘದ ಬೆಂಬಲದಿಂದ ಆಸ್ಟನ್ ವಿಲ್ಲಾ ಕ್ಲಬ್ಬಿನ ವಿರುದ್ಧ ಹೂಡಿದ ದಾವೆ ಬಿದ್ದುಹೋಯಿತು. ಆ ಸೋಲು ಹಳೆಯ ಪದ್ಧತಿಗೆ ಇನ್ನೂ ಐವತ್ತು ವರ್ಷಗಳ ಬಲ ತುಂಬಿತು.

1907ರಲ್ಲಿ ಸ್ಕಾಟ್ಲೆಂಡ್ ವಿರುದ್ಧ ಬ್ಲೂಮರ್ ಇಂಗ್ಲೆಂಡ್ ಪರ ಕೊನೆಯ ಪಂದ್ಯ ಆಡಿದರು, ಅದರಲ್ಲೂ ಗೋಲು ಹೊಡೆದರು. 1910ರಲ್ಲಿ ಡರ್ಬಿಗೆ ಮರಳಿ, ನಾಯಕರಾಗಿ, 1912ರಲ್ಲಿ ಎರಡನೆಯ ಡಿವಿಷನ್ನಿನ ಪ್ರಶಸ್ತಿ ಗೆದ್ದುಕೊಟ್ಟರು. 1914ರ ಜನವರಿಯಲ್ಲಿ, ನಲವತ್ತು ತುಂಬಿದ ತಿಂಗಳಲ್ಲೇ, ಕೊನೆಯ ಲೀಗ್ ಪಂದ್ಯವಾಡಿದರು. ಡರ್ಬಿಯ ಪರ ಒಟ್ಟು 525 ಪಂದ್ಯ, 332 ಗೋಲು.

ಮುಂದೇನು? ಇಂಗ್ಲೆಂಡಿನ ಕ್ಲಬ್ಬುಗಳಲ್ಲಿ ಆಗ ತರಬೇತುದಾರನೆಂಬ ಹುದ್ದೆಗೆ ಬೆಲೆಯೇ ಇರಲಿಲ್ಲ. ಮೈ ತಿಕ್ಕುವ, ಓಡಿಸುವ ಟ್ರೇನರ್ ಒಬ್ಬನಿದ್ದರೆ ಸಾಕಿತ್ತು. ಆಟವನ್ನು ಕಲಿಯಬೇಕೆಂಬ ಹಸಿವು ಇದ್ದದ್ದು ಯುರೋಪಿನ ಇತರ ದೇಶಗಳಲ್ಲಿ. ಹೀಗೆ ಅವರು ಬರ್ಲಿನ್ ನಗರದ ಬ್ರಿಟಾನಿಯಾ ಕ್ಲಬ್ಬಿನಲ್ಲಿ ಕೆಲಸ ಹಿಡಿದು 1914ರ ಜುಲೈನಲ್ಲಿ ಅಲ್ಲಿಗೆ ಹೋದರು. ಆಗಸ್ಟ್ 4ರಂದು ಬ್ರಿಟನ್ ಜರ್ಮನಿಯ ಮೇಲೆ ಯುದ್ಧ ಸಾರಿತು. ನವೆಂಬರಿನಲ್ಲಿ ಜರ್ಮನಿಯಲ್ಲಿದ್ದ ಬ್ರಿಟಿಷ್ ಗಂಡಸರನ್ನೆಲ್ಲ ಹಿಡಿದು ಬರ್ಲಿನ್ ಹೊರವಲಯದ ರೂಲೆಬೆನ್ ಎಂಬ ಕುದುರೆ ಓಟದ ಮೈದಾನದಲ್ಲಿ ಕೂಡಿಹಾಕಲಾಯಿತು.

ಅಲ್ಲಿ ಮಲಗುವ ಜಾಗವೆಂದರೆ ಕುದುರೆ ಲಾಯಗಳು. ಒಂದು ಕುದುರೆ ನಿಲ್ಲುತ್ತಿದ್ದ ಗೂಡಿನಲ್ಲಿ ಆರು ಜನ. ಮೇಲಿನ ಹುಲ್ಲಟ್ಟದಲ್ಲಿ ಸೂರಿನ ಇಳಿಜಾರಿನಡಿ ಉಳಿದವರು. ಮೊದಲ ಚಳಿಗಾಲದಲ್ಲಿ ಹುಲ್ಲು ತುಂಬಿದ ಚೀಲವೇ ಹಾಸಿಗೆ. ನಾವಿಕರು, ವ್ಯಾಪಾರಿಗಳು, ಜಾಕಿಗಳು, ಸಂಗೀತಗಾರರು, ವಿದ್ಯಾರ್ಥಿಗಳು, ಹೀಗೆ ನಾಲ್ಕು ಸಾವಿರಕ್ಕೂ ಹೆಚ್ಚು ಜನ ಅಲ್ಲಿದ್ದರು. ಮುಂದೆ ನ್ಯೂಟ್ರಾನ್ ಕಣವನ್ನು ಕಂಡುಹಿಡಿದ ಜೇಮ್ಸ್ ಚಾಡ್ವಿಕ್ ಅವರಲ್ಲೊಬ್ಬರು. ಫುಟ್‌ಬಾಲ್ ಆಟಗಾರರಂತೂ ಒಂದು ತಂಡಕ್ಕಾಗುವಷ್ಟಿದ್ದರು: ಟಾಟನ್‌ಹ್ಯಾಮ್ ತಂಡಕ್ಕೆ 1901ರ ಕಪ್ಪು ಗೆದ್ದುಕೊಟ್ಟಿದ್ದ ಜಾನ್ ಕ್ಯಾಮರಾನ್, ಮಿಡ್ಲ್ಸ್‌ಬರೋದಲ್ಲಿ ಬ್ಲೂಮರ್ ಅವರ ಜೊತೆಗಾರರಾಗಿದ್ದ ಫ್ರೆಡ್ ಪೆಂಟ್‌ಲಂಡ್, ಸ್ಯಾಮ್ಯುಯೆಲ್ ವುಲ್ಸ್‌ಟನ್‌ಹೋಮ್, ಜಾನ್ ಬ್ರಿಯರ್ಲಿ. ಇವರಲ್ಲಿ ಯಾರೂ ಅಪಘಾತದಿಂದ ಅಲ್ಲಿ ಸಿಕ್ಕಿಬಿದ್ದವರಲ್ಲ. ಕಾಲು ಸೋತ ಮೇಲೆ ತಾಯ್ನಾಡಿನಲ್ಲಿ ಕಸುಬಿಗೆ ಗಿರಾಕಿ ಇಲ್ಲದಾಗಿ, ಬದುಕನ್ನು ಅರಸಿ ಬಂದವರು ಅವರೆಲ್ಲ.

1915ರ ವಸಂತದಲ್ಲಿ ಓಟದ ಮೈದಾನದ ಒಂದು ಭಾಗವನ್ನು ಆಟಕ್ಕೆ ಬಿಡಲಾಯಿತು. ಸೆರೆಯಾಳುಗಳು ತಮ್ಮದೇ ಫುಟ್‌ಬಾಲ್ ಸಂಸ್ಥೆ ಕಟ್ಟಿಕೊಂಡು, ಲಾಯಕ್ಕೊಂದು ತಂಡದಂತೆ ಲೀಗನ್ನೂ ಕಪ್ಪನ್ನೂ ನಡೆಸಿದರು. ಮೇ 2ರಂದು ಇಂಗ್ಲೆಂಡ್ ತಂಡಕ್ಕೂ ಇತರರ ತಂಡಕ್ಕೂ ನಡೆದ ಪಂದ್ಯದಲ್ಲಿ ಬ್ಲೂಮರ್ ಆಡಿದರು. ನಲವತ್ತು ದಾಟಿದ ಆಟಗಾರನನ್ನು ನೋಡಲು ಸಾವಿರಾರು ಜನ ಗೆರೆಯ ಸುತ್ತ ನಿಲ್ಲುತ್ತಿದ್ದರು. ಬೇಸಿಗೆಯಲ್ಲಿ ಅವರು ಕ್ರಿಕೆಟ್ ಕೂಡ ಆಡಿದರು. ಹೊಟ್ಟೆಗೆ ಸಾಲದ ಊಟ, ಮನೆಯವರಿಂದ ದೂರ, ಬಿಡುಗಡೆಯ ದಿನ ಗೊತ್ತಿಲ್ಲ. ಅಂಥಲ್ಲಿ ಶನಿವಾರದ ಪಂದ್ಯವೊಂದು ಇದೆ ಎಂಬುದು ಎಷ್ಟು ಜನರ ಬುದ್ಧಿಯನ್ನು ಸ್ಥಿಮಿತದಲ್ಲಿ ಇಟ್ಟಿರಬಹುದೆಂದು ನಾವು ಊಹಿಸಬಲ್ಲೆವು. ಅವರ ಇಡೀ ಬದುಕಿನಲ್ಲಿ ಅವರ ಆಟದಿಂದ ಜನರಿಗೆ ಅತಿ ಹೆಚ್ಚು ಉಪಕಾರವಾದದ್ದು ಇಲ್ಲಿಯೇ, ಸಂಬಳವಿಲ್ಲದ ಈ ಮೈದಾನದಲ್ಲಿ ಎಂದು ನಾನು ನಂಬುತ್ತೇನೆ.

1918ರ ಮಾರ್ಚಿನಲ್ಲಿ ಅವರನ್ನು ತಟಸ್ಥ ದೇಶವಾದ ನೆದರ್‌ಲೆಂಡ್ಸಿಗೆ ಕಳುಹಿಸಲಾಯಿತು. ಆಮ್‌ಸ್ಟರ್‌ಡ್ಯಾಮ್ ನಗರದ ಬ್ಲಾವ್ ವಿಟ್ ಕ್ಲಬ್ಬಿನ ಆಟಗಾರರಿಗೆ ತರಬೇತಿ ಕೊಟ್ಟು, ಯುದ್ಧ ಮುಗಿದ ಮೇಲೆ ಮನೆ ಸೇರಿದರು. 1923ರಲ್ಲಿ ಸ್ಪೇನಿನಿಂದ ಕರೆ ಬಂತು. ಫ್ರಾನ್ಸಿನ ಗಡಿಗೆ ಅಂಟಿಕೊಂಡಿರುವ ಇರೂನ್ ಎಂಬ ಸಣ್ಣ ಬಾಸ್ಕ್ ಪಟ್ಟಣದ ರಿಯಲ್ ಯೂನಿಯನ್ ಕ್ಲಬ್ಬನ್ನು ಅವರು ಕೈಗೆತ್ತಿಕೊಂಡರು. ಮರುವರ್ಷ ಆ ತಂಡ ಸ್ಪೇನಿನ ರಾಜನ ಕಪ್ಪಿನ ಫೈನಲ್ಲಿನಲ್ಲಿ ರಿಯಲ್ ಮ್ಯಾಡ್ರಿಡ್ ತಂಡವನ್ನು 1–0ರಿಂದ ಸೋಲಿಸಿತು. ತಾಯ್ನಾಡಿನಲ್ಲಿ ಇಪ್ಪತ್ತೆರಡು ವರ್ಷ ಆಡಿ ಗೆಲ್ಲಲಾಗದ ದೇಶದ ಕಪ್ಪು ಅವರಿಗೆ ಐವತ್ತನೆಯ ವಯಸ್ಸಿನಲ್ಲಿ, ಅನ್ಯಭಾಷೆಯ ನೆಲದಲ್ಲಿ ದಕ್ಕಿತು. ಅದೇ ಸೆರೆಶಿಬಿರದ ಜೊತೆಗಾರ ಪೆಂಟ್‌ಲಂಡ್ ಕೂಡ ಸ್ಪೇನಿಗೆ ಬಂದು ಅಥ್ಲೆಟಿಕ್ ಬಿಲ್ಬಾವೊ ತಂಡಕ್ಕೆ 1930 ಮತ್ತು 1931ರಲ್ಲಿ ಲೀಗ್ ಗೆದ್ದುಕೊಟ್ಟರು. ಇಂಗ್ಲೆಂಡ್ ಬೇಡವೆಂದ ಈ ಜ್ಞಾನದಿಂದ ಬಾಸ್ಕ್ ನಾಡಿನ ಆಟ ಬೆಳೆಯಿತು.

ಡರ್ಬಿಗೆ ಮರಳಿದ ಬ್ಲೂಮರ್ ಕೊನೆಯ ವರ್ಷಗಳಲ್ಲಿ ಬೇಸ್‌ಬಾಲ್ ಗ್ರೌಂಡಿನಲ್ಲೇ ಕ್ಲಬ್ಬಿನ ಸಿಬ್ಬಂದಿಯಾಗಿ ದುಡಿದರು. 352 ಗೋಲುಗಳ ಅವರ ಲೀಗ್ ದಾಖಲೆಯನ್ನು ಎವರ್ಟನ್ ತಂಡದ ಡಿಕ್ಸಿ ಡೀನ್ ದಾಟಿದ್ದು 1936ರಲ್ಲಿ, ಬ್ಲೂಮರ್ ಬದುಕಿರುವಾಗಲೇ. ಆರೋಗ್ಯ ಸುಧಾರಿಸಲೆಂದು ಆಸ್ಟ್ರೇಲಿಯಾ, ನ್ಯೂಜಿಲೆಂಡಿನವರೆಗೆ ಹಡಗಿನಲ್ಲಿ ಹೋಗಿ ಬಂದ ಅವರು, ಹಿಂದಿರುಗಿದ ಕೆಲವೇ ವಾರಗಳಲ್ಲಿ, 1938ರ ಏಪ್ರಿಲ್ 16ರಂದು ತೀರಿಕೊಂಡರು. ಫಾರೆಸ್ಟ್ ವಿರುದ್ಧದ ಫೈನಲ್ ಸೋತು ಅಂದಿಗೆ ಸರಿಯಾಗಿ ನಲವತ್ತು ವರ್ಷ. ಡರ್ಬಿ ಎಫ್‌.ಎ. ಕಪ್ಪನ್ನು ಗೆದ್ದದ್ದು 1946ರಲ್ಲಿ. ಇಂದಿಗೂ ಆ ಕ್ಲಬ್ಬಿನ ತವರು ಪಂದ್ಯಗಳಿಗೆ ಮುಂಚೆ ಬ್ಲೂಮರ್ ಅವರ ಹೆಸರಿನ ಹಾಡನ್ನು ನುಡಿಸುತ್ತಾರೆ. ಕ್ಲಬ್ಬಿನ ಈಗಿನ ತವರಾದ ಪ್ರೈಡ್ ಪಾರ್ಕ್ ಮೈದಾನದಲ್ಲಿ ಅವರ ಎದೆಮಟ್ಟದ ಪ್ರತಿಮೆಯಿದೆ. ಅವರ ಸಂಬಳಕ್ಕೆ ಮಿತಿ ಹಾಕಿದ ನಿಯಮ ರದ್ದಾದದ್ದು 1961ರಲ್ಲಿ, ಮುಷ್ಕರ ಹೂಡುವುದಾಗಿ ಆಟಗಾರರ ಸಂಘ ಪಟ್ಟುಹಿಡಿದ ಮೇಲೆ. ಕರಾರು ಮುಗಿದವನನ್ನೂ ಕಟ್ಟಿಹಾಕುತ್ತಿದ್ದ ಪದ್ಧತಿ ದುಡಿಯುವವನ ಸ್ವಾತಂತ್ರ್ಯಕ್ಕೆ ನ್ಯಾಯವಲ್ಲದ ಅಡ್ಡಿ ಎಂದು ನ್ಯಾಯಮೂರ್ತಿ ವಿಲ್ಬರ್‌ಫೋರ್ಸ್ 1963ರಲ್ಲಿ, ಜಾರ್ಜ್ ಈಸ್ಟ್‌ಹ್ಯಾಮ್ ನ್ಯೂಕಾಸಲ್ ಕ್ಲಬ್ಬಿನ ಮೇಲೆ ಹೂಡಿದ್ದ ದಾವೆಯಲ್ಲಿ, ತೀರ್ಪಿತ್ತರು.